ಹಾವಿಲ್ಲದ ಮುಂಗುಸಿ

ನಾನೇ ಮಾಡಿದ ಒಂದು ತಪ್ಪಿನಿಂದ ಶುರು ಮಾಡುತ್ತೇನೆ. ಇಪ್ಪತ್ತು ವರ್ಷದ ಹಿಂದೆ ಹೈದರಾಬಾದಿನ ಒಂದು ಡಬ್ಬಿಂಗ್ ಸ್ಟುಡಿಯೋದಲ್ಲಿ ಇಂಗ್ಲಿಷ್ ಪ್ರಾಣಿಚಿತ್ರಗಳಿಗೆ ಕನ್ನಡ ಮಾತು ಬರೆದುಕೊಡುತ್ತಿದ್ದೆ. ನಿಮಿಷಕ್ಕಿಷ್ಟು ಎಂದು ಲೆಕ್ಕ. ಆನೆ, ಹುಲಿ, ಮೊಸಳೆ ಬಂದರೆ ಸುಖ. ಒಂದು ದಿನ ಪರದೆಯ ಮೇಲೆ ತೆಳ್ಳಗೆ, ಉದ್ದಕ್ಕೆ, ಬೆರಳಿನಷ್ಟು ದಪ್ಪದ ಕತ್ತಿನ ಒಂದು ಕಂದು ಪ್ರಾಣಿ ಬಂತು. ಇಲಿಯ ಬಿಲದೊಳಗೆ ಹೊಕ್ಕು ಇಲಿಯನ್ನೇ ಎಳೆದು ತಂದಿತು. ಇಂಗ್ಲಿಷಿನಲ್ಲಿ ಅದನ್ನು ‘ವೀಸಲ್’ ಎನ್ನುತ್ತಿದ್ದರು. ನಿಘಂಟು ತೆರೆದರೆ ‘ಮುಂಗುಸಿ ಜಾತಿಯ ಒಂದು ಪ್ರಾಣಿ’ ಎಂದಿತ್ತು. ತುಟಿ ಚಲನೆ ಹೊಂದಿಸುವ ರಗಳೆ ಇಲ್ಲ, ಪ್ರಾಣಿಗಳು ಮಾತಾಡುವುದಿಲ್ಲವಲ್ಲ. ‘ಜಾತಿಯ ಒಂದು’ ಎಂಬುದನ್ನು ಹೊಡೆದುಹಾಕಿ ಚಿತ್ರದುದ್ದಕ್ಕೂ ‘ಮುಂಗುಸಿ’ ಎಂದೇ ಬರೆದುಕೊಟ್ಟೆ.

ಚಿತ್ರ ಪ್ರಸಾರವಾದ ಎರಡು ವಾರಕ್ಕೆ ಸೇಡಂ ಕಡೆಯ ಮೇಷ್ಟ್ರೊಬ್ಬರಿಂದ ಕಾರ್ಡು ಬಂತು. ಚಿತ್ರದ ಕೊನೆಯ ಭಾಗದಲ್ಲಿ ಹಿಮ ಬಿದ್ದು, ಆ ಪ್ರಾಣಿಯ ಮೈಯೆಲ್ಲ ಬೆಳ್ಳಗಾಗುತ್ತದೆ. ಮೇಷ್ಟ್ರು ಬಹಳ ವಿನಯದಿಂದ ಕೇಳಿದ್ದರು: ನಮ್ಮ ತೊಗರಿ ಹೊಲದ ಮುಂಗುಸಿ ಯಾವ ತಿಂಗಳಲ್ಲಿ ಬೆಳ್ಳಗಾಗುತ್ತದೆ, ದಯವಿಟ್ಟು ತಿಳಿಸಿರಿ, ಮಕ್ಕಳಿಗೆ ತೋರಿಸಬೇಕು.

ಆ ಕಾರ್ಡು ಇವತ್ತಿಗೂ ನನ್ನ ಹತ್ತಿರ ಇದೆ.

ಮುಂಗುಸಿ ವೀಸಲ್ ಅಲ್ಲ. ನೋಡಲು ಒಂದೇ ಅಚ್ಚು, ವಂಶ ಮಾತ್ರ ಬೇರೆ. ಮಾಂಸಾಹಾರಿ ಸಸ್ತನಿಗಳ ಮರದಲ್ಲಿ ಎರಡು ದೊಡ್ಡ ಕೊಂಬೆಗಳಿವೆ: ಒಂದು ಬೆಕ್ಕಿನ ಕಡೆಯದು, ಇನ್ನೊಂದು ನಾಯಿಯ ಕಡೆಯದು. ಮುಂಗುಸಿ ಬೆಕ್ಕು, ಪುನುಗು, ಕತ್ತೆಕಿರುಬಗಳ ಕಡೆಗೆ ಸೇರುತ್ತದೆ. ವೀಸಲ್ಲು ನಾಯಿ, ಕರಡಿಗಳ ಕಡೆಗೆ. ಬಿಲದೊಳಗೆ ನುಗ್ಗಿ ಬೇಟೆಯಾಡುವ ಕಸುಬು ಎರಡಕ್ಕೂ ಒಂದೇ ಆದ್ದರಿಂದ ಮೈಯೂ ಒಂದೇ ಥರ ಆಗಿದೆ. ಅಸಲಿ ವೀಸಲ್ಲುಗಳನ್ನು ಭಾರತದಲ್ಲಿ ನೋಡಬೇಕೆಂದರೆ ಹಿಮಾಲಯ ಹತ್ತಬೇಕು. ಯುರೋಪಿನ ಕಿರಿಯ ವೀಸಲ್ಲಂತೂ ಜಗತ್ತಿನ ಅತಿ ಚಿಕ್ಕ ಮಾಂಸಾಹಾರಿ. ಕೆಲವು 50 ಗ್ರಾಂ ಕೂಡ ತೂಗುವುದಿಲ್ಲ. ಅದರ ಕುಲದ ದೊಡ್ಡ ನೆಂಟರು ಮಾತ್ರ ನಮ್ಮಲ್ಲೂ ಇದ್ದಾರೆ. ನೀರುನಾಯಿ, ತರಕರಡಿ, ಪಶ್ಚಿಮ ಘಟ್ಟದ ನೀಲಗಿರಿ ಮಾರ್ಟೆನ್. ಅವರ ಮಾತಿಗೆ ಆಮೇಲೆ ಬರುತ್ತೇನೆ.

ಮೊದಲು ಮುಂಗುಸಿಗೆ ಒಂದು ನ್ಯಾಯ ಸಲ್ಲಿಸಬೇಕು. ನಾನು ಅದರ ಹೆಸರನ್ನು ಇಂಗ್ಲಿಷ್ ಪ್ರಾಣಿಯೊಂದಕ್ಕೆ ಕೊಟ್ಟುಬಿಟ್ಟೆ. ಇಂಗ್ಲಿಷಿನವರು ಅದಕ್ಕೂ ಮೊದಲೇ ಆ ಹೆಸರನ್ನು ನಮ್ಮಿಂದ ಒಯ್ದಿದ್ದರು. ‘ಮಂಗೂಸ್’ ಎಂಬ ಪದ ಮರಾಠಿಯ ‘ಮುಂಗೂಸ್’ನಿಂದ ಹೋದದ್ದು, ಅದರ ಬೇರು ದ್ರಾವಿಡದ್ದು ಎನ್ನುತ್ತಾರೆ ಬಲ್ಲವರು. ತೆಲುಗಿನಲ್ಲಿ ಮುಂಗಿಸ, ಕನ್ನಡದಲ್ಲಿ ಮುಂಗುಸಿ, ನಮ್ಮ ಕಲಬುರಗಿ-ಯಾದಗಿರಿ ಕಡೆ ಬಾಯಲ್ಲಿ ಮುಂಗಸಿ. ಹಳೆಯ ಹೈದರಾಬಾದ್ ಸಂಸ್ಥಾನ ಎಂದರೆ ತೆಲುಗು, ಮರಾಠಿ, ಕನ್ನಡ ಮೂರೂ ಒಂದೇ ಛತ್ರಿಯ ಕೆಳಗಿದ್ದ ಜಾಗ. ನಾಲ್ಕನೆಯದಾದ ದಖನಿ ಉರ್ದು ಮಾತ್ರ ‘ನೇವಲಾ’ ಎಂದು ತನ್ನ ದಾರಿ ಹಿಡಿಯಿತು. ರಾಜ್ಯ ಹಂಚುವಾಗ ಭಾಷೆಗಳ ಗಡಿ ಎಲ್ಲೆಂದು ಅಷ್ಟು ಜಗಳವಾಯಿತು. ಮುಂಗುಸಿಯ ಹೆಸರಿಗೆ ಆ ಗಡಿ ತಾಗಲೇ ಇಲ್ಲ.

ನಮ್ಮ ಮನೆ ಬರ್ಕತ್‌ಪುರದಲ್ಲಿ. ಕಾಚಿಗುಡದ ಕರ್ನಾಟಕ ಸಾಹಿತ್ಯ ಮಂದಿರಕ್ಕೆ ನಡೆದೇ ಹೋಗಬಹುದಾದಷ್ಟು ಹತ್ತಿರ. ಹಿತ್ತಿಲೆಂದರೆ ಹನ್ನೆರಡು ಅಡಿ ಅಗಲದ ಒಂದು ಪಟ್ಟಿ: ಒಂದು ಕರಿಬೇವಿನ ಗಿಡ, ನೀರಿನ ಸಂಪು, ಪಕ್ಕದ ಹಳೆಯ ಮನೆಯ ಕುಸಿದ ಗೋಡೆಯ ಕಲ್ಲುರಾಶಿ. ಆ ರಾಶಿಯಲ್ಲಿ ಮುಂಗುಸಿಯ ಸಂಸಾರ. ಅಡುಗೆಮನೆಯ ಕಿಟಕಿಯಿಂದ ನೋಡಿ ಅವ್ವ ಮೊದಲು ಕರೆದದ್ದು: ‘ಏ, ಮುಂಗಸಿ ಬಂದದ ನೋಡು. ಮುಖ ನೋಡಿದ್ರ ಛಲೋ ಆಗ್ತದ.’ ಬೆಳಿಗ್ಗೆ ಅದರ ಮುಖ ಕಂಡರೆ ಶುಭ ಎಂಬ ನಂಬಿಕೆ ನಮ್ಮಲ್ಲೂ ಉಂಟು, ತೆಲುಗರಲ್ಲೂ ಉಂಟು. ತೊಡಕೆಂದರೆ ಅದು ಮುಖ ತೋರಿಸುವುದೇ ಇಲ್ಲ. ಮೂಗು ಸದಾ ನೆಲಕ್ಕೆ.

ಕಿಟಕಿಯ ಕಟ್ಟೆಯ ಮೇಲೆ ಫೋನು ನಿಲ್ಲಿಸಿ ನಾನು ಎರಡು ಮಳೆಗಾಲ ಅದನ್ನು ನೋಡಿದ್ದೇನೆ. ದೂರದಿಂದ ಬೂದಿ ಬಣ್ಣ ಎನಿಸುವ ಮೈ ಹತ್ತಿರದಿಂದ ಬೂದಿಯಲ್ಲ. ಒಂದೊಂದು ಕೂದಲಲ್ಲೂ ಕಪ್ಪು ಬಿಳಿ ಪಟ್ಟೆಗಳಿವೆ. ಅಕ್ಕಿಗೆ ಎಳ್ಳು ಬೆರೆಸಿ ಹರಡಿದ ಹಾಗೆ. ಬಾಲ ಹೆಚ್ಚುಕಡಿಮೆ ಮೈಯಷ್ಟೇ ಉದ್ದ, ತುದಿ ತಿಳಿ. (ತುದಿ ಕಪ್ಪಾಗಿ, ಮೇಲಕ್ಕೆ ಕೊಂಕಿದ್ದರೆ ಅದು ಬೇರೆ ಜಾತಿ, ಕೆಮ್ಮುಂಗುಸಿ, ಅದಕ್ಕೆ ಊರಿಗಿಂತ ಕಾಡು ಇಷ್ಟ.) ಹಸಿ ಮಣ್ಣಿನ ಮೇಲೆ ಮೂಗಾಡಿಸುತ್ತಾ ಬರುತ್ತದೆ, ಥಟ್ಟನೆ ನಿಲ್ಲುತ್ತದೆ, ಮುಂಗಾಲಿನ ಉಗುರಿನಿಂದ ಎರಡು ಸಲ ಕೆದಕಿ, ಬೆಳ್ಳಗೆ ದಪ್ಪಗಿರುವ ಗೊಣ್ಣೆಹುಳುವನ್ನು ಎಳೆದು, ತಲೆಯನ್ನು ಒಂದು ಪಕ್ಕಕ್ಕೆ ವಾಲಿಸಿ ಹಿಂದವಡೆಯಿಂದ ಜಗಿಯುತ್ತದೆ. ಆಗ ಅದರ ಕಣ್ಣು ಅರ್ಧ ಮುಚ್ಚಿರುತ್ತದೆ, ವೀಳ್ಯ ಹಾಕಿಕೊಂಡ ಮುದುಕರಂತೆ. ಆ ಕಣ್ಣಿನ ಪಾಪೆ ಅಡ್ಡಗೀಟು. ಬೆಕ್ಕಿನದು ನಿಂತ ಗೀಟು. ಇದು ನನಗೆ ತಿಳಿದದ್ದು ಫೋನಿನ ಚಿತ್ರವನ್ನು ದೊಡ್ಡದು ಮಾಡಿ ನೋಡಿದಾಗ.

ಜಿರಲೆ, ಹಲ್ಲಿ, ಇಲಿ, ಒಂದು ಸಲ ಮೇಲಿನ ಮನೆಯವರು ಎಸೆದ ಪಪ್ಪಾಯಿ ಸಿಪ್ಪೆ. ಎರಡು ಮರಿಗಳು ಬಂದ ವರ್ಷ ತಾಯಿಯ ಬಾಲಕ್ಕೆ ಮೂಗು ತಾಗಿಸಿಕೊಂಡೇ ನಡೆಯುತ್ತಿದ್ದವು. ಮೂರೂ ಸೇರಿ ಗೋಡೆಯ ಬುಡದಲ್ಲಿ ಉದ್ದನೆಯದೊಂದೇ ಪ್ರಾಣಿ ಹರಿದುಹೋದಂತೆ. ನಮ್ಮ ಹಳ್ಳಿಯಲ್ಲಿ ಮಾರುದ್ದದ ಹಾವು ಕಂಡೆ ಎಂದು ಹೇಳಿದವರಲ್ಲಿ ಕೆಲವರಾದರೂ ಮುಸ್ಸಂಜೆಯಲ್ಲಿ ಈ ಮೆರವಣಿಗೆಯನ್ನು ಕಂಡಿರಬೇಕು ಎಂದು ನನ್ನ ಗುಮಾನಿ.

ಹಾವು? ಎರಡು ವರ್ಷದಲ್ಲಿ ಒಂದು ಸಲವೂ ಇಲ್ಲ.

ಆದರೆ ಈ ವಿಡಿಯೋ ಯಾರಿಗೆ ತೋರಿಸಿದರೂ ಒಂದೇ ಪ್ರಶ್ನೆ. ಎದುರು ಮನೆಯ ಮಿರ್ಜಾ ಸಾಹೇಬರು ಕೇಳಿದ್ದು: ‘ಸಾಂಪ್ ಕಿಧರ್ ಹೈ, ಭಾಯಿ?’ ಅಪಾರ್ಟ್‌ಮೆಂಟಿನ ವಾಚ್‌ಮನ್ ಕೇಳಿದ್ದು: ‘ಪಾಮು ಏದಿ ಸಾರ್?’ ಮುಂಗುಸಿಯನ್ನು ತೋರಿಸಿದರೆ ಜನ ಹಾವು ಹುಡುಕುತ್ತಾರೆ. ಈ ಚಟ ನಮಗೆ ಕಥೆಗಳಿಂದ ಅಂಟಿತು ಎನ್ನಬಹುದು. ಮಗುವನ್ನು ಹಾವಿನಿಂದ ಉಳಿಸಿ, ಬಾಯಲ್ಲಿ ರಕ್ತ ಕಂಡ ತಾಯಿಯ ಕೈಯಲ್ಲೇ ಸತ್ತ ಮುಂಗುಸಿಯ ಕಥೆ ಪಂಚತಂತ್ರದಿಂದ ಪ್ರತಿ ಅಜ್ಜಿಯ ಬಾಯಿಗೂ ಬಂದಿದೆ. ಕಿಪ್ಲಿಂಗ್ 1894ರಲ್ಲಿ ಅದನ್ನೇ ಇನ್ನೊಂದು ಬಗೆಯಲ್ಲಿ ಇಂಗ್ಲಿಷರ ಮಕ್ಕಳಿಗೆ ಹೇಳಿದ. ಆದರೂ ಕಥೆ ಕೇಳಿದವನು ತನ್ನ ಹಿತ್ತಿಲಲ್ಲಿ ಬೇರೆಯದನ್ನು ಕಂಡಿರುತ್ತಾನೆ. ಕಂಡದ್ದನ್ನೂ ಮರೆಸಿಬಿಡುವ ಶಕ್ತಿ ಬಂದದ್ದು ಕ್ಯಾಮೆರಾದ ಕೈಯಲ್ಲಿ.

ಚಲಿಸುವ ಚಿತ್ರದ ಮೊದಲ ಉಪಕರಣಗಳಲ್ಲಿ ಒಂದು ಬಂದೂಕಿನ ಆಕಾರದಲ್ಲಿತ್ತು. ಫ್ರಾನ್ಸಿನ ಶರೀರಶಾಸ್ತ್ರಜ್ಞ ಎಟಿಯೆನ್ ಜೂಲ್ ಮಾರೇ 1882ರಲ್ಲಿ ಮಾಡಿದ ಆ ‘ಫೋಟೋ ಬಂದೂಕು’ ಕುದುರೆ ಎಳೆದರೆ ಸೆಕೆಂಡಿಗೆ 12 ಚಿತ್ರ ತೆಗೆಯುತ್ತಿತ್ತು. ಹಾರುವ ಹಕ್ಕಿಯ ರೆಕ್ಕೆ ಹೇಗೆ ಮಡಚುತ್ತದೆ ಎಂದು ನೋಡುವುದು ಅವನ ಹಂಬಲ. ಅದೇ ಮಾರೇ 1894ರಲ್ಲಿ ತಲೆಕೆಳಗಾಗಿ ಬಿಟ್ಟ ಬೆಕ್ಕು ಗಾಳಿಯಲ್ಲೇ ತಿರುಗಿ ಕಾಲೂರುವುದನ್ನು ಸೆರೆಹಿಡಿದ. ಕಣ್ಣಿಗೆ ಸಿಗದ ವೇಗವನ್ನು ನಿಧಾನವಾಗಿ ಬಿಡಿಸಿ ನೋಡುವುದು, ಕ್ಯಾಮೆರಾ ಹುಟ್ಟಿದ್ದೇ ಇಂಥ ಕುತೂಹಲಕ್ಕೆ.

ಈ ಕುತೂಹಲವನ್ನು ಸ್ಟುಡಿಯೋದಿಂದ ಹೊಲಕ್ಕೆ ಒಯ್ದವರಲ್ಲಿ ಇಂಗ್ಲೆಂಡಿನ ಕೀರ್ಟನ್ ಸಹೋದರರು ಮುಖ್ಯರು, ರಿಚರ್ಡ್ ಮತ್ತು ಚೆರ್ರಿ. ಹಕ್ಕಿಗೆ ಗೊತ್ತಾಗದಂತೆ ಹತ್ತಿರ ಹೋಗಲು ಅವರು ಸತ್ತ ಎತ್ತಿನ ಚರ್ಮ ಹದ ಮಾಡಿ, ಒಳಗೆ ಮರದ ಚೌಕಟ್ಟು ಕೊಟ್ಟು, ಟೊಳ್ಳು ಎತ್ತೊಂದನ್ನು ಮಾಡಿಸಿದರು. ಅದರೊಳಗೆ ರಿಚರ್ಡ್ ಕ್ಯಾಮೆರಾ ಸಮೇತ ಹೊಕ್ಕು ನಿಲ್ಲುತ್ತಿದ್ದ. ಒಮ್ಮೆ ಎತ್ತು ಮಗುಚಿ ಬಿದ್ದು, ನಾಲ್ಕು ಕಾಲು ಆಕಾಶಕ್ಕೆ, ಮನುಷ್ಯ ಒಳಗೆ. ನಮ್ಮ ಕಡೆ ಹೊಲದಲ್ಲಿ ಇದು ನಡೆದಿದ್ದರೆ ಊರಿನವರು ವರ್ಷವಿಡೀ ನಗುತ್ತಿದ್ದರು. ಆದರೂ ಆ ಎತ್ತಿನ ಹೊಟ್ಟೆ ನನಗೆ ಬಲು ಇಷ್ಟ. ಪ್ರಾಣಿಯನ್ನು ತನ್ನ ಬಳಿ ಎಳೆದು ತರುವ ಬದಲು ಮನುಷ್ಯನೇ ವೇಷ ಹಾಕಿಕೊಂಡು ಅದರ ಬಳಿ ಹೋದ ದೃಷ್ಟಾಂತ ಅದು.

ಆದರೆ ದುಡ್ಡು ಇನ್ನೊಂದು ದಾರಿಯಲ್ಲಿತ್ತು. 1909ರಲ್ಲಿ ಅಮೆರಿಕದ ಮಾಜಿ ಅಧ್ಯಕ್ಷ ರೂಸ್‌ವೆಲ್ಟ್ ಆಫ್ರಿಕಾಕ್ಕೆ ಬೇಟೆಗೆ ಹೋದ. ಚೆರ್ರಿ ಕೀರ್ಟನ್ ಅಲ್ಲಿಗೇ ಹೋಗಿ ನಿಜವಾದ ಚಿತ್ರ ತೆಗೆದ. ಅಷ್ಟರಲ್ಲಿ ಷಿಕಾಗೋದ ವಿಲಿಯಂ ಸೆಲಿಗ್ ಎಂಬ ನಿರ್ಮಾಪಕ ಒಂದು ಮುದಿ ಸಿಂಹ ಕೊಂಡು, ರೂಸ್‌ವೆಲ್ಟ್‌ನಂತೆ ಕಾಣುವ ನಟನೊಬ್ಬನನ್ನು ಹಿಡಿದು, ಸ್ಟುಡಿಯೋದಲ್ಲೇ ಕಾಡು ಕಟ್ಟಿ, ಸಿಂಹವನ್ನು ಕ್ಯಾಮೆರಾ ಮುಂದೆ ಕೊಲ್ಲಿಸಿ, ‘ಆಫ್ರಿಕಾದಲ್ಲಿ ದೊಡ್ಡ ಬೇಟೆ’ ಎಂದು ಬಿಡುಗಡೆ ಮಾಡಿದ. ಜನ ಮುಗಿಬಿದ್ದರು. 1910ರಲ್ಲಿ ಕೀರ್ಟನ್ನನ ಅಸಲಿ ಚಿತ್ರ ಬಂದಾಗ ಸಪ್ಪೆ ಎನಿಸಿತು. ಪ್ರಾಣಿಚಿತ್ರದ ಮಾರುಕಟ್ಟೆ ಯಾವುದಕ್ಕೆ ಬೆಲೆ ಕೊಡುತ್ತದೆ ಎಂಬುದು ಆ ಒಂದೇ ವರ್ಷದಲ್ಲಿ ಇತ್ಯರ್ಥವಾದಂತೆ.

ವೀಸಲ್ಲು, ಮುಂಗುಸಿಯಂಥ ಚಿಕ್ಕ ಬೇಟೆಗಾರರಿಗೆ ಈ ಮಾರುಕಟ್ಟೆಯಲ್ಲಿ ಇನ್ನೂ ಕಷ್ಟ. ಅಂದಿನ ಕ್ಯಾಮೆರಾವನ್ನು ಕೈಯಿಂದ ತಿರುಗಿಸಬೇಕು, ಹೊಲಿಗೆ ಯಂತ್ರದಂತೆ ಸದ್ದು. ಫಿಲ್ಮು ಎಷ್ಟು ಮಂದವೆಂದರೆ ಒಳ್ಳೆಯ ಬಿಸಿಲಿಲ್ಲದೆ ಏನೂ ಮೂಡದು. ಮುಕ್ಕಾಲಿಯ ಮೇಲಿನ ಭಾರದ ಪೆಟ್ಟಿಗೆಯನ್ನು ತಿರುಗಿಸುವಷ್ಟರಲ್ಲಿ ವೀಸಲ್ಲು ದಾರಿ ದಾಟಿ ಬಿಲ ಸೇರಿರುತ್ತದೆ. ಎರಡು ಸೆಕೆಂಡು ಕಂಡು ಮರೆಯಾಗುವ ಪ್ರಾಣಿಯ ಎರಡು ಗಂಟೆಯ ಬದುಕನ್ನು ತೆಗೆಯುವುದು ಹೇಗೆ? ಒಂದು ಉಪಾಯವೆಂದರೆ ಬಿಲದ ಒಂದು ಗೋಡೆಯನ್ನೇ ತೆಗೆದು ಗಾಜು ಹಾಕುವುದು. ಜರ್ಮನಿಯ ಹೈಂಜ್ ಜೀಲ್ಮನ್ 1950ರ ದಶಕದಲ್ಲಿ ಮರಕುಟಿಗದ ಪೊಟರೆಯ ಹಿಂಬದಿ ಕೊರೆದು ಗಾಜು ಕೂರಿಸಿ ಮರಿಗಳ ಬಾಲ್ಯವನ್ನೇ ಚಿತ್ರಿಸಿದ. 1955ರಲ್ಲಿ ಬಿಬಿಸಿಯಲ್ಲಿ ಅದನ್ನು ನೋಡಿ ಬ್ರಿಟನ್ನಿನ ಜನ ಬೆರಗಾದರು. ಇದೂ ಒಂದು ಬಗೆಯ ಏರ್ಪಾಡೇ. ಆದರೆ ಅಲ್ಲಿ ನಡೆದದ್ದು ಹಕ್ಕಿಯ ಸ್ವಂತ ಸಂಸಾರ, ಯಾರೂ ಬರೆದುಕೊಟ್ಟ ನಾಟಕವಲ್ಲ.

ಇನ್ನೊಂದು ಉಪಾಯ ನಾಟಕವನ್ನೇ ಬರೆದುಬಿಡುವುದು. ಹಾವು-ಮುಂಗುಸಿ ಕಾಳಗ ಹಳೆಯ ಸಿನಿಮಾಗಳಿಗೂ ನ್ಯೂಸ್‌ರೀಲುಗಳಿಗೂ ಅಚ್ಚುಮೆಚ್ಚಾದದ್ದು ಇದಕ್ಕೇ. ಲೆಕ್ಕ ಹಾಕಿ ನೋಡಿ. ಮುಂಗುಸಿ ಹಗಲಿನ ಪ್ರಾಣಿ, ಬಿಸಿಲಿನ ಅಡ್ಡಿಯಿಲ್ಲ. ನಾಗರ ಹೆಡೆಯೆತ್ತಿದರೆ ಕಂಬದಂತೆ ನಿಂತಲ್ಲೇ ನಿಲ್ಲುತ್ತದೆ, ಕ್ಯಾಮೆರಾ ತಿರುಗಿಸಬೇಕಿಲ್ಲ. ನಾಲ್ಕಡಿ ಅಖಾಡ ಸಾಕು. ಎರಡೂ ಪಾತ್ರಧಾರಿಗಳು ಹಾವಾಡಿಗನ ಬುಟ್ಟಿಯಲ್ಲಿ ಬಾಡಿಗೆಗೆ ಸಿಗುತ್ತಾರೆ. ಭಾರತ ಎಂದ ಕೂಡಲೇ ಹೊರಗಿನವನು ಕಾಣಬಯಸಿದ್ದೂ ಇದನ್ನೇ.

ಇಲ್ಲಿ ಹಾವಾಡಿಗನ ಪರವಾಗಿ ಒಂದು ಮಾತು. ಚಿಕ್ಕವನಿದ್ದಾಗ ಸುಲ್ತಾನ್ ಬಜಾರಿನ ಹತ್ತಿರ, ಕೋಠಿಗೆ ಹೋಗುವ ರಸ್ತೆಯಂಚಿನಲ್ಲಿ ನಾನು ಹಲವು ಸಲ ಅವನ ಸುತ್ತ ನಿಂತಿದ್ದೇನೆ. ಗೂಟಕ್ಕೆ ಕಟ್ಟಿದ ಮುಂಗುಸಿ, ಮುಚ್ಚಿದ ಬುಟ್ಟಿ. ‘ಅಬೀಚ್ ಛೋಡ್ತೂಂ’, ಈಗ ಬಿಟ್ಟೇಬಿಡ್ತೀನಿ ಎಂದು ಅರ್ಧ ಗಂಟೆ ಹೇಳುತ್ತಿದ್ದ. ನಡುವೆ ತಾಯಿತ ಮಾರುತ್ತಿದ್ದ, ಹಲ್ಲುನೋವಿನ ಪುಡಿ ಮಾರುತ್ತಿದ್ದ, ಮಕ್ಕಳನ್ನು ಹಿಂದೆ ಸರಿಸುತ್ತಿದ್ದ. ಬಿಡುತ್ತಿರಲಿಲ್ಲ. ಒಂದೇ ಒಂದು ಸಲವೂ ಬಿಡಲಿಲ್ಲ. ಹಾವು ಸತ್ತರೆ ನಾಳೆಯ ಅನ್ನ ಹೋಯಿತು, ಮುಂಗುಸಿ ಸತ್ತರೂ ಅಷ್ಟೇ. ಹಾವೂ ಸಾಯಬಾರದು, ಕೋಲೂ ಮುರಿಯಬಾರದು ಎಂಬ ಗಾದೆ ಅವನ ಕಸುಬಿಗೇ ಹೇಳಿ ಮಾಡಿಸಿದಂತಿತ್ತು. ಅವನು ಮಾರುತ್ತಿದ್ದದ್ದು ಕಾಳಗದ ಭರವಸೆಯನ್ನು. ಸಿನಿಮಾದವರು ಬಂದು, ಒಂದು ಹಾವಿನ ಬೆಲೆ ಒಂದೇ ಏಟಿಗೆ ಕೊಟ್ಟು, ಆ ಭರವಸೆಯನ್ನು ನಿಜ ಮಾಡಿಸಿದರು. ಒಮ್ಮೆ ತೆಗೆದ ಕಾಳಗವನ್ನು ಸಾವಿರ ಊರಿನಲ್ಲಿ ಸಾವಿರ ಸಲ ತೋರಿಸಬಹುದಲ್ಲ.

ಹೈದರಾಬಾದಿನ ಕ್ಯಾಮೆರಾ ಕೂಡ ಕಾಡುಪ್ರಾಣಿಯನ್ನು ಮೊದಲು ಕಂಡದ್ದು ಹೆಣವಾಗಿಯೇ. ಸಿಕಂದರಾಬಾದಿನಲ್ಲಿ ಸ್ಟುಡಿಯೋ ಇಟ್ಟಿದ್ದ ರಾಜಾ ದೀನ್ ದಯಾಳ್ ಆರನೆಯ ನಿಜಾಮ ಮಹಬೂಬ್ ಅಲಿ ಖಾನರ ಆಸ್ಥಾನ ಛಾಯಾಗ್ರಾಹಕ. ಕೋಟೆ, ಅರಮನೆಗಳನ್ನು ಅಷ್ಟು ಸೊಗಸಾಗಿ ತೆಗೆದ ಕೈ. 1902ರಲ್ಲಿ ವೈಸ್‌ರಾಯ್ ಕರ್ಜನ್ ಸಂಸ್ಥಾನಕ್ಕೆ ಬಂದು ವಾರಂಗಲ್ ಕಡೆ ಶಿಕಾರಿ ಮಾಡಿದಾಗ ಕರ್ಜನ್ ದಂಪತಿ ಸತ್ತ ಹುಲಿಯ ಹಿಂದೆ ನಿಂತಿರುವ ಚಿತ್ರ ಅವರ ಸ್ಟುಡಿಯೋದ್ದು. ಅಂದಿನ ತಾಂತ್ರಿಕತೆಗೆ ಬೇರೆ ದಾರಿಯೂ ಇರಲಿಲ್ಲವೆನ್ನಿ. ಅಲುಗಾಡದ ಹುಲಿಯೇ ಚೊಕ್ಕವಾಗಿ ಮೂಡುವ ಹುಲಿ. ಬದುಕಿರುವ ಹುಲಿಗೆ ಕಾಯಬೇಕಾಯಿತು. ಸಂಯುಕ್ತ ಪ್ರಾಂತದ ಅರಣ್ಯಾಧಿಕಾರಿ ಎಫ್. ಡಬ್ಲ್ಯು. ಚಾಂಪಿಯನ್ ಕಾಡಿನ ದಾರಿಗೆ ತಂತಿ ಕಟ್ಟಿ, ರಾತ್ರಿ ಪ್ರಾಣಿಯೇ ಎಡವಿ ತನ್ನ ಚಿತ್ರ ತಾನೇ ತೆಗೆದುಕೊಳ್ಳುವ ಏರ್ಪಾಡು ಮಾಡಿ, 1927ರಲ್ಲಿ ಪುಸ್ತಕ ತಂದಾಗಲೇ ಆ ಕಾಯುವಿಕೆಗೆ ಫಲ ಸಿಕ್ಕಿದ್ದು. ಇಂದಿನ ಕ್ಯಾಮೆರಾ ಟ್ರ್ಯಾಪಿನ ಅಜ್ಜ ಅದು. ನಮ್ಮ ಸಂಸ್ಥಾನದಲ್ಲೂ 1931–32ರಲ್ಲಿ ಸಲೀಂ ಅಲಿ ಹಕ್ಕಿಗಳ ಸಮೀಕ್ಷೆ ನಡೆಸಿದರು. ಅವರೂ ಮಾದರಿಗೆಂದು ಹಕ್ಕಿ ಹೊಡೆದವರೇ. ಆದರೆ ಹಕ್ಕಿ ಏನು ತಿನ್ನುತ್ತದೆ, ಎಲ್ಲಿ ಕೂರುತ್ತದೆ ಎಂದು ಸುಮ್ಮನೆ ನಿಂತು ನೋಡಿ ಬರೆದಿಟ್ಟವರೂ ಅವರೇ. ಮುಂಗುಸಿಗೆ ಅಂಥ ಭಾಗ್ಯ ಬರಲಿಲ್ಲ.

ಕಾಳಗದಲ್ಲಿ ನಿಜವಾಗಿ ಏನಾಗುತ್ತದೆ ಎಂಬುದೂ ಪರದೆಯಲ್ಲಿ ತಿಳಿಯುವುದಿಲ್ಲ. ಮುಂಗುಸಿ ಕೂದಲು ನಿಮಿರಿಸಿ ಎರಡರಷ್ಟು ದೊಡ್ಡದಾಗಿ ಕಾಣುತ್ತದೆ, ಹಾವಿನ ಹಲ್ಲು ಬರೀ ಕೂದಲಿಗೆ ಸಿಗುತ್ತದೆ. ಹಾವನ್ನು ಮತ್ತೆ ಮತ್ತೆ ಎರಗುವಂತೆ ಕೆಣಕಿ ದಣಿಸುತ್ತದೆ. ಅಷ್ಟಾಗಿಯೂ ಕಚ್ಚಿಸಿಕೊಂಡರೆ? ಓಡಿಹೋಗಿ ಬೇರು ತಿಂದು ಬರುತ್ತದೆ ಎಂದು ನಮ್ಮ ಹಿರಿಯರು ನಂಬಿದ್ದರು; ಒಂದು ಮೂಲಿಕೆಗೆ ಸಂಸ್ಕೃತದಲ್ಲಿ ‘ನಾಕುಲೀ’ ಎಂದು ಮುಂಗುಸಿಯ ಹೆಸರನ್ನೇ ಇಟ್ಟಿದ್ದಾರೆ. ಬೇರು ಅದರ ಮೈಯಲ್ಲೇ ಇದೆ. ನಾಗರದ ವಿಷ ಸ್ನಾಯುಗಳ ಮೇಲಿನ ಒಂದು ಗ್ರಾಹಕಕ್ಕೆ ಅಂಟಿಕೊಂಡು ಉಸಿರಾಟ ನಿಲ್ಲಿಸುತ್ತದೆ. ಬೀಗದ ಕಿಂಡಿಗೆ ಮೇಣ ಮೆತ್ತಿದಂತೆ. ಮುಂಗುಸಿಯ ಗ್ರಾಹಕದ ಆಕಾರ ಕೊಂಚ ಬದಲಾಗಿದೆ, ಮೇಣ ನಿಲ್ಲುವುದಿಲ್ಲ. 1990ರ ದಶಕದ ಆರಂಭದಲ್ಲಿ ಇಸ್ರೇಲಿನ ವಿಜ್ಞಾನಿಗಳು ಇದನ್ನು ಬಿಡಿಸಿ ತೋರಿಸಿದರು. 2015ರಲ್ಲಿ ಇನ್ನೊಂದು ಸ್ವಾರಸ್ಯ ಹೊರಬಿತ್ತು: ವೀಸಲ್ ಕುಲದ ತರಕರಡಿಗೂ ಇಂಥದೇ ರಕ್ಷಣೆ ಇದೆ, ಆದರೆ ಅದು ಸ್ವಂತ ದಾರಿಯಲ್ಲಿ ಗಳಿಸಿದ್ದು, ಮುಂಗುಸಿಯಿಂದ ಬಂದದ್ದಲ್ಲ. ನನ್ನ ಡಬ್ಬಿಂಗಿನ ತಪ್ಪಿಗೆ ನಿಸರ್ಗವೇ ಅರ್ಧ ಕ್ಷಮೆ ಕೊಟ್ಟಂತಾಯಿತು. ಹಾಗೆಂದು ಮುಂಗುಸಿ ಅಮರವಲ್ಲ. ವಿಷ ಹೆಚ್ಚಾದರೆ ಸಾಯುತ್ತದೆ. ಆದ್ದರಿಂದಲೇ ಗೊಣ್ಣೆಹುಳು ಸಿಗುವಾಗ ನಾಗರದ ತಂಟೆಗೆ ಹೋಗುವ ದರ್ದು ಅದಕ್ಕಿಲ್ಲ.

ಇದನ್ನು ಯಾರಾದರೂ ನಾಲ್ಕು ದಿನ ಕೂತು ನೋಡಿದ್ದರೆ ಎಷ್ಟೋ ಅನಾಹುತ ತಪ್ಪುತ್ತಿತ್ತು. 1872ರಲ್ಲಿ ಜಮೈಕಾದ ಕಬ್ಬಿನ ತೋಟದ ಮಾಲೀಕ ಎಸ್ಪ್ಯೂಟ್ ಕಲ್ಕತ್ತಾದಿಂದ ಒಂಬತ್ತು ಸಣ್ಣ ಮುಂಗುಸಿಗಳನ್ನು ತರಿಸಿ, ಇಲಿ ಹಿಡಿಯಲಿ ಎಂದು ಬಿಟ್ಟ. ಅವುಗಳ ಸಂತತಿ ದ್ವೀಪದಿಂದ ದ್ವೀಪಕ್ಕೆ, 1883ರಲ್ಲಿ ಹವಾಯಿಗೂ ಹೋಯಿತು. ಇಲಿ ಓಡಾಡುವುದು ರಾತ್ರಿ, ಮುಂಗುಸಿ ಹಗಲು. ಸಿಕ್ಕಿದ್ದು ನೆಲದಲ್ಲಿ ಮೊಟ್ಟೆಯಿಡುವ ಹಕ್ಕಿಗಳು, ಆಮೆಯ ಮೊಟ್ಟೆಗಳು. ಇಷ್ಟು ಗೊತ್ತಾದ ಮೇಲೂ ಜಪಾನಿನವರು 1910ರಲ್ಲಿ ಒಕಿನಾವಾಕ್ಕೆ ಮುಂಗುಸಿ ಒಯ್ದರು. ಈ ಸಲ ಇಲಿಯ ಜೊತೆಗೆ ‘ಹಾಬು’ ಎಂಬ ವಿಷದ ಹಾವಿನ ಕಾಟ ತೀರಲಿ ಎಂದು. ಪ್ರವಾಸಿಗರ ಮುಂದೆ ಗಾಜಿನ ಪೆಟ್ಟಿಗೆಯಲ್ಲಿ ಹಾಬು-ಮುಂಗುಸಿ ಕಾಳಗ ದಶಕಗಳ ಕಾಲ ನಡೆಯಿತು. ಪೆಟ್ಟಿಗೆಯಲ್ಲಿ ಗೆಲ್ಲುವ ಮುಂಗುಸಿ ಕಾಡಿನಲ್ಲೂ ಗೆಲ್ಲುತ್ತದೆ ಎಂದು ನೋಡಿದವರು ನಂಬಿದರು. ಹಾಬು ಕೂಡ ರಾತ್ರಿಯ ಜೀವಿ. ಕಾಡಿನಲ್ಲಿ ಇಬ್ಬರಿಗೂ ಭೇಟಿಯೇ ಅಪರೂಪ. 1979ರಲ್ಲಿ ಪಕ್ಕದ ಅಮಾಮಿ ಓಶಿಮಾ ದ್ವೀಪಕ್ಕೂ ಸುಮಾರು 30 ಮುಂಗುಸಿ ಬಿಟ್ಟರು. ಅವು ಸಾವಿರಾರಾಗಿ, ಜಗತ್ತಿನಲ್ಲಿ ಬೇರೆಲ್ಲೂ ಹೆಚ್ಚಾಗಿ ಕಾಣದ ಅಮಾಮಿ ಮೊಲವನ್ನು ತಿನ್ನತೊಡಗಿದವು. ಬಲೆ, ನಾಯಿ, ಕ್ಯಾಮೆರಾಗಳ ಸಹಾಯದಿಂದ ಹುಡುಕಿ ಹುಡುಕಿ ಕೊಂದು, 2024ರ ಸೆಪ್ಟೆಂಬರಿನಲ್ಲಿ ದ್ವೀಪ ಮುಂಗುಸಿಮುಕ್ತ ಎಂದು ಘೋಷಿಸಿದರು. ಅದರ ಪರಾಕ್ರಮವನ್ನು ನಂಬಿದವರೇ ಕೊನೆಗೆ ಅದನ್ನು ಹೀಗೆ ಮುಗಿಸಬೇಕಾಯಿತು.

ನಮ್ಮಲ್ಲಿ ಅದು ಸಾಯುವುದು ಬೇರೆ ಕಾರಣಕ್ಕೆ. ಎಳ್ಳು-ಅಕ್ಕಿಯ ಆ ಕೂದಲು ಬಣ್ಣ ಹೀರಿಕೊಂಡೂ ತುದಿಯ ಚೂಪು ಬಿಡುವುದಿಲ್ಲ. ಚಿತ್ರಕಲೆಯ ಬ್ರಷ್ಷಿಗೆ ಹಾಗಾಗಿ ಬೇಡಿಕೆ. ಒಂದು ಕಿಲೋ ಕೂದಲಿಗೆ ಸುಮಾರು 50 ಮುಂಗುಸಿ ಸಾಯಬೇಕು. 1972ರ ವನ್ಯಜೀವಿ ಕಾಯ್ದೆಯಡಿ ಇದು ಅಪರಾಧ; 2019ರಲ್ಲಿ ‘ಆಪರೇಷನ್ ಕ್ಲೀನ್ ಆರ್ಟ್’ ಎಂದು ದೇಶದ ಹಲವೆಡೆ ದಾಳಿಯೂ ನಡೆಯಿತು. ಶಾಲೆಯ ಡ್ರಾಯಿಂಗ್ ಪರೀಕ್ಷೆಗೆ ಅಪ್ಪ ತಂದುಕೊಟ್ಟಿದ್ದ ಒಳ್ಳೆಯ ಬ್ರಷ್ಷು ಯಾವುದರದ್ದಿತ್ತೋ ಎಂದು ಈಗ ಯೋಚಿಸುತ್ತೇನೆ. ಅದರಲ್ಲಿ ನಾನು ಬರೆದದ್ದು ಹಾವು-ಮುಂಗುಸಿ ಚಿತ್ರವೇ ಇರಬಹುದು.

ಸ್ಟುಡಿಯೋಕ್ಕೆ ಮರಳುತ್ತೇನೆ. ಮಾತು ಬರೆದುಕೊಡುವುದರ ಜೊತೆಗೆ ಅಲ್ಲಿ ಸದ್ದು ಕೂರಿಸುವುದನ್ನೂ ನೋಡಿದೆ. ಉದ್ದ ಲೆನ್ಸಿನಲ್ಲಿ ನೂರಡಿ ದೂರದಿಂದ ತೆಗೆದ ಪ್ರಾಣಿಯ ಸದ್ದು ಕ್ಯಾಮೆರಾಕ್ಕೆ ಸಿಗುವುದಿಲ್ಲ. ಪ್ರಾಣಿಚಿತ್ರಗಳಲ್ಲಿ ನಾವು ಕೇಳುವ ಎಷ್ಟೋ ಹೆಜ್ಜೆಸದ್ದು, ಅಗಿಯುವ ಸದ್ದು ಆಮೇಲೆ ಮಾಡಿ ಸೇರಿಸಿದ್ದು. ಹಿಮದ ಮೇಲಿನ ಹೆಜ್ಜೆಗೆ ಕಸ್ಟರ್ಡ್ ಪುಡಿಯ ಚೀಲ ಅದುಮುತ್ತಾರೆ. ಮೂಲ ಚಿತ್ರದ ಸದ್ದಿನ ಪಟ್ಟಿ ಕೈಕೊಟ್ಟ ಒಂದು ದಿನ, ವೀಸಲ್ಲು ಜೀರುಂಡೆ ಕಡಿಯುವ ದೃಶ್ಯಕ್ಕೆ ಸದ್ದಿನ ಹುಡುಗ ಮೈಕಿನ ಮುಂದೆ ಹಪ್ಪಳ ಮುರಿದ. ಉದ್ದಿನ ಹಪ್ಪಳ ದೊಡ್ಡ ಸದ್ದಾಯಿತು, ಅಕ್ಕಿಯ ಸಂಡಿಗೆ ಸರಿಯಾಯಿತು. ಉಳಿದ ಸಂಡಿಗೆಯನ್ನು ಎಲ್ಲರೂ ಚಹಾದ ಜೊತೆ ತಿಂದೆವು. ಇದನ್ನು ಮೋಸ ಎನ್ನಲು ನನಗೆ ಮನಸ್ಸಿಲ್ಲ. ಡಿಸ್ನಿಯ 1958ರ ‘ವೈಟ್ ವೈಲ್ಡರ್‌ನೆಸ್’ನಲ್ಲಿ ಲೆಮಿಂಗ್ ಎಂಬ ಇಲಿಗಳು ಸಾಮೂಹಿಕವಾಗಿ ಆತ್ಮಹತ್ಯೆ ಮಾಡಿಕೊಳ್ಳುವ ದೃಶ್ಯಕ್ಕೆ ಚಿತ್ರತಂಡವೇ ಲೆಮಿಂಗುಗಳನ್ನು ಕೊಂಡು ತಂದು ನೀರಿಗೆ ತಳ್ಳಿತ್ತು, ಚಿತ್ರ ಆಸ್ಕರ್ ಗೆದ್ದಿತು, ಗುಟ್ಟು ಬಯಲಾಗಲು 1982 ಬರಬೇಕಾಯಿತು. ಅದು ಮೋಸ. ಸಂಡಿಗೆ ಮುರಿದವನು ಪ್ರಾಣಿ ಮಾಡಿದ್ದಕ್ಕೆ ಸದ್ದು ಕೊಟ್ಟ, ಮಾಡದ್ದನ್ನು ಮಾಡಿಸಲಿಲ್ಲ.

ಕೂತು ನೋಡುವ ಕೀರ್ಟನ್ನನ ದಾರಿ ಕನ್ನಡಿಗರಿಗೆ ಒಗ್ಗಿತು ಎನ್ನಲು ನನಗೆ ಹೆಮ್ಮೆ. ವನ್ಯಜೀವಿ ಚಿತ್ರ ತೆಗೆಯುವ ಜೋಡಿ ಕೃಪಾಕರ-ಸೇನಾನಿ ಬಂಡೀಪುರ, ಮುದುಮಲೆಯ ಕಾಡಿನಲ್ಲಿ ಕೆನ್ನಾಯಿಗಳ ಹಿಂದೆ ವರ್ಷಗಟ್ಟಲೆ ಅಲೆದರು. ನಡುವೆ 1997ರಲ್ಲಿ ಕಾಡುಗಳ್ಳ ವೀರಪ್ಪನ್ ಇಬ್ಬರನ್ನೂ ಹೊತ್ತೊಯ್ದದ್ದೂ ಉಂಟು. ಹಾಳು ನಾಯಿ ಎಂದು ಒಂದು ಕಾಲಕ್ಕೆ ಗುಂಡಿಟ್ಟು ಕೊಲ್ಲುತ್ತಿದ್ದ ಪ್ರಾಣಿ ಅವರ ಚಿತ್ರಗಳಲ್ಲಿ ಮರಿಗಳಿಗೆ ಉಣಿಸುವ, ಆಡುವ, ಒಂದನ್ನೊಂದು ಕಾಯುವ ಕುಟುಂಬವಾಯಿತು. 2010ರಲ್ಲಿ ‘ದಿ ಪ್ಯಾಕ್’ಗೆ ಗ್ರೀನ್ ಆಸ್ಕರ್ ಎಂದು ಕರೆಯುವ ಪಾಂಡಾ ಪ್ರಶಸ್ತಿ ಬಂತು. ವೀಸಲ್ಲಿನ ನಮ್ಮ ನೆಂಟರೂ ಹೀಗೇ ಒಬ್ಬೊಬ್ಬರಾಗಿ ಕಣ್ಣಿಗೆ ಬಿದ್ದರು. 2014ರಲ್ಲಿ ವನ್ಯಜೀವಿ ವಿಜ್ಞಾನಿ ಸಂಜಯ್ ಗುಬ್ಬಿ ಮತ್ತು ಸಂಗಡಿಗರು ಕಾವೇರಿ ವನ್ಯಧಾಮದಲ್ಲಿ ಇಟ್ಟ ಕ್ಯಾಮೆರಾ ಟ್ರ್ಯಾಪಿನಲ್ಲಿ ತರಕರಡಿ ಮೂಡಿತು. ಕರ್ನಾಟಕದಲ್ಲಿ ಅದು ಇದೆ ಎಂಬುದಕ್ಕೆ ಸಿಕ್ಕ ಮೊದಲ ಚಿತ್ರ. 2015ರಲ್ಲಿ ತುಂಗಭದ್ರೆಯ ಮುದ್ಲಾಪುರದಿಂದ ಕಂಪ್ಲಿಯವರೆಗಿನ 34 ಕಿಲೋಮೀಟರ್ ನೀರುನಾಯಿಗಳಿಗೆಂದೇ ಮೀಸಲಾಯಿತು. ಆ ನದಿ ಹಿಂದೆ ನಿಜಾಮರ ರಾಜ್ಯದ ದಕ್ಷಿಣದ ಎಲ್ಲೆ. ಈ ದಂಡೆ ಹೈದರಾಬಾದು, ಆ ದಂಡೆ ಮದರಾಸು. ನೀರುನಾಯಿ ಎರಡೂ ಕಡೆ ಮೀನು ಹಿಡಿಯುತ್ತಿತ್ತು.

ಹೈದರಾಬಾದಿನಲ್ಲಿ ಈಗ ಮುಂಗುಸಿ ನೋಡಬೇಕೆನ್ನುವವರಿಗೆ ಜೂಬಿಲಿ ಹಿಲ್ಸಿನ ಕೆಬಿಆರ್ ಉದ್ಯಾನ ಇದೆ. ನಿಜಾಮರ ಮನೆತನದ ಚಿರಾನ್ ಅರಮನೆಯ ಸುತ್ತಣ ಕುರುಚಲು ಕಾಡು, 1998ರಲ್ಲಿ ರಾಷ್ಟ್ರೀಯ ಉದ್ಯಾನವಾದದ್ದು. ಬೆಳಿಗ್ಗೆ ವೇಗವಾಗಿ ನಡೆಯುವವರಿಗೆ ಕಾಣದು, ಬೆಂಚಿನ ಮೇಲೆ ಕೂರುವವರಿಗೆ ಕಾಣುತ್ತದೆ. ಗಚ್ಚಿಬೌಲಿಯ ವಿಶ್ವವಿದ್ಯಾಲಯದ ಬಂಡೆಗಳ ನಡುವೆಯೂ ಇವೆ. 2025ರ ಮಾರ್ಚ್ ಕೊನೆಯಲ್ಲಿ ಅದರ ಪಕ್ಕದ ಕಂಚ ಗಚ್ಚಿಬೌಲಿಯ 400 ಎಕರೆಯಲ್ಲಿ ಮರ ಕಡಿಯುವ ಯಂತ್ರಗಳು ಹೊಕ್ಕವು, ಏಪ್ರಿಲಿನಲ್ಲಿ ಸುಪ್ರೀಂ ಕೋರ್ಟು ತಡೆಯಿತು. ಆ ವಾರ ನನ್ನ ಫೋನಿಗೆ ನೂರಾರು ಚಿತ್ರ ಬಂದವು. ಕೆಲವು ನಿಜ. ಕೆಲವು ಕಂಪ್ಯೂಟರಿನಲ್ಲಿ ಬೆಳೆದವು: ಬುಲ್ಡೋಜರಿನ ಮುಂದೆ ಕಣ್ಣೀರಿಡುವ ನವಿಲು, ಜಿಂಕೆ. ನಿಜವಾದ ಕಾಡು, ನಿಜವಾದ ನಷ್ಟ ಎದುರಿಗಿದ್ದಾಗಲೂ ಸೆಲಿಗ್‌ನ ಮುದಿ ಸಿಂಹ ಎಲ್ಲಿಂದಲೋ ಎದ್ದು ಬಂದೇಬಿಡುತ್ತದೆ. ಅದರಿಂದ ನಿಜದ ಚಿತ್ರಗಳನ್ನೂ ಜನ ಅನುಮಾನಿಸಿದರು. ನನಗೆ ಹೆಚ್ಚು ಸಿಟ್ಟು ಬಂದದ್ದು ಅದಕ್ಕೆ.

ಸೇಡಂ ಮೇಷ್ಟ್ರಿಗೆ ನಾನು ಆಗಲೇ ತಪ್ಪೊಪ್ಪಿಗೆಯ ಕಾಗದ ಬರೆದಿದ್ದೆ. ಉತ್ತರ ಬರಲಿಲ್ಲ. ಹೋದ ಶ್ರಾವಣದಲ್ಲಿ, ಮಳೆ ನಿಂತ ಒಂದು ಸಂಜೆ, ಕಿಟಕಿಯಿಂದ ನಾಲ್ಕು ನಿಮಿಷದ ಒಂದು ವಿಡಿಯೋ ಸಿಕ್ಕಿತು. ತಾಯಿ ಮುಂಗುಸಿ ಸಂಪಿನ ಮುಚ್ಚಳದ ಮೇಲೆ ಹೊಟ್ಟೆಯೂರಿ ಮಲಗಿದೆ, ಕಲ್ಲಿನ ಬಿಸಿ ಇನ್ನೂ ಆರಿಲ್ಲ. ಒಂದು ಮರಿ ಅದರ ಬಾಲದ ತುದಿಯನ್ನು ಹಿಡಿಯಲು ನೋಡುತ್ತದೆ. ತಾಯಿ ಬಾಲ ಸರಿಸುತ್ತದೆ. ಮರಿ ಮತ್ತೆ ನೋಡುತ್ತದೆ. ಮೂರು ನಿಮಿಷ ಹೀಗೇ. ಆಮೇಲೆ ಪಕ್ಕದ ಮನೆಯ ಕುಕ್ಕರ್ ಕೂಗುತ್ತದೆ, ಎರಡೂ ಎದ್ದು ನಿಲ್ಲುತ್ತವೆ, ಚೌಕಟ್ಟಿನಿಂದ ಹೊರಗೆ ಹೋಗುತ್ತವೆ. ಉಳಿದ ಅರ್ಧ ನಿಮಿಷ ಬರೀ ಒದ್ದೆ ಮುಚ್ಚಳ.

ಮೊಮ್ಮಗಳಿಗೆ ತೋರಿಸಿದೆ. ಬೆಂಗಳೂರಿನಿಂದ ರಜೆಗೆ ಬಂದಿದ್ದಳು. ಮುಗಿಯುವವರೆಗೂ ಸುಮ್ಮನೆ ನೋಡಿದಳು. ಹಾವೆಲ್ಲಿ ಎಂದು ಕೇಳಿಯೇ ಕೇಳುತ್ತಾಳೆ ಎಂದು ನಾನು ಕಾದೆ.

‘ತಾತಾ, ಬಾಲ ಸಿಕ್ತಾ ಅದಕ್ಕೆ?’ ಎಂದಳು.